ಠಾಣೆಯ ಬೆಂಚು, ಹೈಕೋರ್ಟಿನ ಮೆಟ್ಟಿಲು

ಬೆನ್ಸನ್ ಟೌನ್‌ನಿಂದ ಹೈಕೋರ್ಟ್‌ಗೆ ಆಟೋ ಹಿಡಿದರೆ, ಕಂಟೋನ್ಮೆಂಟ್ ಸ್ಟೇಷನ್ ಬಳಿಯ ಟ್ರಾಫಿಕ್ ಬಿಟ್ಟರೆ, ದೊಡ್ಡ ದೂರವೇನಲ್ಲ. ಆದರೆ "ಸ್ವಲ್ಪ ಸ್ಟೇಷನ್‌ಗೆ ಬಂದು ಹೋಗಿ" ಎಂಬ ಫೋನ್ ಬಂದವನಿಗೆ ಆ ದಾರಿ ಸವೆಯುವುದಿಲ್ಲ. ವಕೀಲರ ಫೀಸು ಹೊಂದಿಸಬೇಕು, ಅಂಗಡಿಗೆ ಬೀಗ ಹಾಕಬೇಕು, "ಕೋರ್ಟಿಗೆ ಹೋದರೆ ಸಾಹೇಬರು ಇನ್ನೂ ಗರಂ ಆಗ್ತಾರೆ" ಎನ್ನುವ ನೆಂಟರ ಬಾಯಿ ಮುಚ್ಚಿಸಬೇಕು. ಆ ಫೋನಿಗೆ ಕಾಗದವಿಲ್ಲ. ಬೆಳಿಗ್ಗೆ ಹೋದವನನ್ನು ಸಂಜೆಯವರೆಗೆ ಬೆಂಚಿನ ಮೇಲೆ ಕೂರಿಸಿ "ನಾಳೆ ಬಾ" ಎಂದರೆ ಅದಕ್ಕೂ ದಾಖಲೆಯಿಲ್ಲ.

ಕಾನೂನು ಬೇರೆಯದೇ ಹೇಳುತ್ತದೆ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಬಿಎನ್‌ಎಸ್‌ಎಸ್) 179ನೇ ಕಲಂ ಪ್ರಕಾರ ಸಾಕ್ಷಿಯನ್ನು ಕರೆಸಲು ಲಿಖಿತ ಆದೇಶ ಬೇಕು; ಹೆಂಗಸರನ್ನೂ 60 ದಾಟಿದ ಗಂಡಸರನ್ನೂ ಠಾಣೆಗೆ ಬಾ ಎನ್ನುವಂತಿಲ್ಲ, ಅವರಿದ್ದಲ್ಲಿಗೇ ಹೋಗಬೇಕು. 2021ರಲ್ಲಿ ಗಾಜಿಯಾಬಾದ್ ಪೊಲೀಸರು ಬೆಂಗಳೂರಿನಲ್ಲಿದ್ದ ಟ್ವಿಟರ್ ಇಂಡಿಯಾ ಮುಖ್ಯಸ್ಥರಿಗೆ ಖುದ್ದು ಹಾಜರಾಗಲು ನೋಟಿಸ್ ಕೊಟ್ಟರು. ಅವರು ನಮ್ಮ ಹೈಕೋರ್ಟ್ ಮೆಟ್ಟಿಲು ಹತ್ತಿದರು. ಆರೋಪಿಗೆ ಕೊಡುವಂಥ ಆ ನೋಟಿಸನ್ನು ಕೋರ್ಟ್ ಒಪ್ಪಲಿಲ್ಲ. ವಿಡಿಯೊ ಮೂಲಕವೋ, ಅವರ ಮನೆ, ಕಚೇರಿಗೆ ಬಂದೋ ವಿಚಾರಿಸಿ ಎಂದಿತು. ತನಿಖೆಯ ದಾರಿ ಮುಚ್ಚದೆ ಅದರ ರೀತಿಯನ್ನು ತಿದ್ದಿತು. ನ್ಯಾಯಾಲಯದ ರಕ್ಷಣೆ ಎಂದರೆ ನನ್ನ ಪ್ರಕಾರ ಇಷ್ಟೇ, ಇಷ್ಟು ಸಾಕು.

ಎದುರು ವಾದ ಪಕ್ಕದ ಶಿವಾಜಿನಗರದಲ್ಲೇ ಇದೆ. 2019ರಲ್ಲಿ ಜನರಿಂದ ಹಣ ಹೂಡಿಸಿಕೊಂಡಿದ್ದ ಐಎಂಎ ಕಂಪನಿ ಬಾಗಿಲು ಹಾಕಿದಾಗ ಸಾವಿರಾರು ಮಂದಿಯ ಹೂಡಿಕೆ ಮುಳುಗಿತು. ಆರೋಪಿಗೂ ರಕ್ಷಣೆ ಬೇಕು ಎಂದು ಅವರ ಮುಂದೆ ಹೇಳಲು ಧೈರ್ಯ ಬೇಕು. ದುಡ್ಡಿದ್ದವರು ತಡೆಯಾಜ್ಞೆ ತಂದು ಹಾಯಾಗಿರುವುದೂ ಸುಳ್ಳಲ್ಲ. ಅಂಥ ತಡೆಯಾಜ್ಞೆಗಳ ಬಗ್ಗೆ ನನಗೂ ಸಿಟ್ಟಿದೆ. ಆದರೆ ಹೂಡಿಕೆದಾರರಿಗೆ ಬೇಕಾದದ್ದು ದುಡ್ಡು ಎಲ್ಲಿ ಹೋಯಿತೆಂಬ ಲೆಕ್ಕ. ಹೆದರಿಸಿದರೆ ಆ ಲೆಕ್ಕ ಸಿಗುವುದಿಲ್ಲ, ಹೆದರಿಸಿದವರಿಗೆ ಬೇಕಾದ ಉತ್ತರ ಸಿಗುತ್ತದೆ. ಪೊಲೀಸರ ಮುಂದೆ ಕೊಟ್ಟ ತಪ್ಪೊಪ್ಪಿಗೆಯನ್ನು ಕಾನೂನು ಸಾಕ್ಷ್ಯವೆಂದು ಒಪ್ಪದಿರುವುದು ಸುಮ್ಮನೆ ಅಲ್ಲ. ಕರ್ನಾಟಕದಿಂದ ಹೋದ ಸೆಲ್ವಿ ಪ್ರಕರಣದಲ್ಲಿ, 2010ರಲ್ಲಿ, ಒಪ್ಪಿಗೆಯಿಲ್ಲದೆ ಮಂಪರು ಪರೀಕ್ಷೆ ಕೂಡದೆಂದು ಸುಪ್ರೀಂ ಕೋರ್ಟ್ ಹೇಳಿತು.

ನನ್ನ ಅನುಮಾನ ಬೇರೆ ಕಡೆಗಿದೆ: ಈ ರಕ್ಷಣೆ ಬೇಕಾದವರಿಗೆ ಹೊತ್ತಿಗೆ ಸರಿಯಾಗಿ ಸಿಗುತ್ತದೆಯೇ? 2024ರ ನವೆಂಬರ್‌ನಲ್ಲಿ, ಭೋವಿ ಅಭಿವೃದ್ಧಿ ನಿಗಮದ ಹಗರಣದಲ್ಲಿ ಸಿಐಡಿ ವಿಚಾರಣೆ ಎದುರಿಸುತ್ತಿದ್ದ ವಕೀಲೆಯೊಬ್ಬರು, ತನಿಖಾಧಿಕಾರಿಯ ಕಿರುಕುಳವನ್ನು ಆರೋಪಿಸಿ ಬರೆದಿಟ್ಟು, ಬೆಂಗಳೂರಿನಲ್ಲಿ ಪ್ರಾಣ ಬಿಟ್ಟರು. ಆರೋಪ ನಿಜವೋ ಅಲ್ಲವೋ ಕೋರ್ಟ್ ತೀರ್ಮಾನಿಸಲಿ. ಅದರ ತನಿಖೆಗೆ ಹೈಕೋರ್ಟೇ ಎಸ್‌ಐಟಿ ರಚಿಸಬೇಕಾಯಿತು, ಅದೂ ಸಾವಿನ ನಂತರ. ಕಾನೂನು ಓದಿದವರ ಪಾಡೇ ಹೀಗಾದರೆ, ತಳ್ಳುಗಾಡಿಯವನು ಯಾವ ರಿಟ್ ಅರ್ಜಿ ಹಾಕಿಯಾನು?

ಆದ್ದರಿಂದ ರಕ್ಷಣೆಯ ಹೊಣೆಯನ್ನು ಕಿರುಕುಳ ಅನುಭವಿಸಿದವನ ತಲೆಗೇ ಕಟ್ಟುವುದು ಅನ್ಯಾಯ. ಠಾಣೆಗಳಲ್ಲಿ ಸಿಸಿಟಿವಿ ಇರಬೇಕು, ದೃಶ್ಯಗಳನ್ನು ಉಳಿಸಿಡಬೇಕು ಎಂದು ಸುಪ್ರೀಂ ಕೋರ್ಟ್ 2020ರಲ್ಲೇ ಆದೇಶಿಸಿದೆ. ಕಿರುಕುಳದ ದೂರು ಬಂದಾಗ ಆ ದೃಶ್ಯ ಒಪ್ಪಿಸದ ಅಧಿಕಾರಿಯ ಮಾತನ್ನು ನಂಬಬಾರದು. ನಿಮಗೆ ಠಾಣೆಯಿಂದ ಫೋನ್ ಬಂದರೆ ಮೊದಲು ಲಿಖಿತ ನೋಟಿಸ್ ಕೇಳಿ. ಹೋದ ಹೊತ್ತನ್ನೂ ಬಿಟ್ಟ ಹೊತ್ತನ್ನೂ ಬರೆದಿಡಿ.