ನಗು ನಿಂತ ಮೇಲೆ ಜೋಕರ್ ಏನಾದ?

1988ರಲ್ಲಿ ಡಿಸಿ ಕಾಮಿಕ್ಸ್ ಪ್ರಕಟಿಸಿದ ‘ದ ಕಿಲ್ಲಿಂಗ್ ಜೋಕ್’ ಕೃತಿಯ ಕೊನೆಯ ಪುಟದಲ್ಲಿ ಮಳೆ ಸುರಿಯುತ್ತಿದೆ. ಕಥೆ ಅಲನ್ ಮೂರ್ ಅವರದು, ಚಿತ್ರ ಬ್ರಯಾನ್ ಬೋಲಂಡ್ ಅವರದು. ಸಿಕ್ಕಿಬಿದ್ದ ಖಳ ಜೋಕರ್ ಬ್ಯಾಟ್‌ಮನ್‌ಗೆ ಹುಚ್ಚಾಸ್ಪತ್ರೆಯಿಂದ ಓಡಿಹೋಗಲು ಹೊರಟ ಇಬ್ಬರ ನಗೆಹನಿ ಹೇಳುತ್ತಾನೆ. ಮೊದಲನೆಯವನು ಪಕ್ಕದ ಮಾಳಿಗೆಗೆ ಹಾರಿ, ಟಾರ್ಚು ಬಿಡುತ್ತೇನೆ, ಬೆಳಕಿನ ಮೇಲೆ ನಡೆದು ಬಾ ಅನ್ನುತ್ತಾನೆ. ಅರ್ಧ ದಾರಿಯಲ್ಲಿ ನೀನು ಆರಿಸಿಬಿಟ್ಟರೆ ಎಂಬುದು ಎರಡನೆಯವನ ಅಂಜಿಕೆ. ಬ್ಯಾಟ್‌ಮನ್ನೂ ನಗುತ್ತಾನೆ. ಅವನ ಕೈ ಜೋಕರ್‌ನತ್ತ ಚಾಚುತ್ತದೆ, ಹೆಗಲಿಗೋ ಕುತ್ತಿಗೆಗೋ ತಿಳಿಯದು. ನಗು ನಿಲ್ಲುತ್ತದೆ. ನೆಲದ ನೀರಿನ ಮೇಲೆ ಬಿದ್ದಿದ್ದ ಬೆಳಕಿನ ಗೆರೆ ಆರಿ, ಮಳೆಹನಿಯಷ್ಟೇ ಉಳಿಯುತ್ತದೆ.

ಬ್ಯಾಟ್‌ಮನ್ ಅವನನ್ನು ಕೊಂದನೆಂದು ಲೇಖಕ ಗ್ರ್ಯಾಂಟ್ ಮಾರಿಸನ್ 2013ರಲ್ಲಿ ವಾದಿಸಿದರು. ಒಪ್ಪದವರೂ ಇದ್ದಾರೆ. ಆದರೆ ಈ ಸಂಶಯ ಎಂಥದ್ದು?

ನ್ಯಾಯದರ್ಶನದವರು ಸಂಶಯಕ್ಕೆ ಕೊಡುವ ಹಳೆಯ ಉದಾಹರಣೆ, ಮಬ್ಬಿನಲ್ಲಿ ಕಾಣುವ ಆಕೃತಿ ಮೋಟುಮರವೋ ಮನುಷ್ಯನೋ ಎಂಬುದು. ಅಲ್ಲಿ ವಸ್ತು ನಿಶ್ಚಿತ, ನೋಟ ಮಾತ್ರ ಅನಿಶ್ಚಿತ. ಹತ್ತಿರ ಹೋದರೆ ಗೊತ್ತಾಗುತ್ತದೆ. ಜೋಕರ್‌ನ ಹತ್ತಿರ ಹೋಗಲು ದಾರಿಯಿಲ್ಲ. ಚೌಕಟ್ಟಿನ ಆಚೆ ಕಾಗದವಲ್ಲದೆ ಬೇರೇನೂ ಇಲ್ಲ. ಪೋಲೆಂಡಿನ ತತ್ವಜ್ಞಾನಿ ರೋಮನ್ ಇಂಗಾರ್ಡನ್ 1931ರಲ್ಲೇ ಸಾಹಿತ್ಯಕೃತಿಯ ವಸ್ತುಗಳಲ್ಲಿ ಅನಿಶ್ಚಿತತೆಯ ತಾಣಗಳಿರುತ್ತವೆ, ಓದುಗ ಅವನ್ನು ತುಂಬಿಕೊಳ್ಳುತ್ತಾನೆ ಎಂದಿದ್ದರು. ಹಾಗಾದರೆ ಈ ಕೃತಿಯೊಳಗೆ ಜೋಕರ್ ಸತ್ತನೆಂಬುದೂ ನಿಜವಲ್ಲ, ಬದುಕಿದನೆಂಬುದೂ ನಿಜವಲ್ಲ. ಮುಂದಿನ ಸಂಚಿಕೆಗಳಲ್ಲಿ ಅವನು ಮತ್ತೆ ಬಂದನಲ್ಲ ಎಂಬ ಆಕ್ಷೇಪಕ್ಕೆ ಹೆಚ್ಚು ತೂಕವಿಲ್ಲ. ಅದು ಮಾಲಿಕೆಯ ಸಾಕ್ಷಿ, ಈ ಪುಟದ್ದಲ್ಲ.

ಖಳನನ್ನು ಉಳಿಸಿಕೊಳ್ಳುವ ಅಂಗಡಿಯ ಲೆಕ್ಕಾಚಾರವಂತೂ ಮೊದಲಿನಿಂದಲೂ ಇದೆ. 1940ರ ‘ಬ್ಯಾಟ್‌ಮನ್’ ಮೊದಲ ಸಂಚಿಕೆಯಲ್ಲೇ ಜೋಕರ್ ಸಾಯಬೇಕಿತ್ತು. ಸಂಪಾದಕ ವಿಟ್ನಿ ಎಲ್ಸ್‌ವರ್ತ್ ಕೊನೆಯಲ್ಲಿ ಒಂದು ಚೌಕಟ್ಟು ಸೇರಿಸಿ ಬದುಕಿಸಿದರು. 1988-89ರ ‘ಎ ಡೆತ್ ಇನ್ ದ ಫ್ಯಾಮಿಲಿ’ಯಲ್ಲಿ ಹೆಲಿಕಾಪ್ಟರ್ ಸಮುದ್ರಕ್ಕೆ ಬಿದ್ದ ಮೇಲೆ ಜೋಕರ್‌ನ ಹೆಣ ಸಿಗುವುದಿಲ್ಲ. ಅದೇ ಕಥೆಯಲ್ಲಿ ಬ್ಯಾಟ್‌ಮನ್‌ನ ಜೊತೆಗಾರ ರಾಬಿನ್ ಆಗಿದ್ದ ಜೇಸನ್ ಟಾಡ್‌ನ ಸಾವನ್ನು ಓದುಗರು ಫೋನ್ ಮತದಿಂದ ತೀರ್ಮಾನಿಸಿದರು: ಸಾಯಲಿ ಎಂದವರು 5,343, ಬದುಕಲಿ ಎಂದವರು 5,271. ಹೆಣ ಸಿಗದ ಖಳ ಮರಳಿ ಬರುತ್ತಾನೆಂದು ಯಾವ ಓದುಗನಿಗೂ ಗೊತ್ತು, ಅಲ್ಲಿ ಸಂಶಯ ಬರೀ ಶಿಷ್ಟಾಚಾರ.

‘ದ ಕಿಲ್ಲಿಂಗ್ ಜೋಕ್’ ಬೇರೆ ದರ್ಜೆಯದು. ಅಲ್ಲಿ ತೂಗಾಡುವುದು ಖಳನ ಪ್ರಾಣಕ್ಕಿಂತ ಕೊಲ್ಲುವುದಿಲ್ಲವೆಂಬ ಬ್ಯಾಟ್‌ಮನ್‌ನ ವ್ರತ. ಕೊಂದನೆಂದು ಓದಿದವನಿಗೆ, ಒಂದು ಕೆಟ್ಟ ದಿನ ಸಾಕು, ಯಾರಾದರೂ ತನ್ನಂತಾಗುತ್ತಾರೆ ಎಂಬ ಜೋಕರ್‌ನ ವಾದ ಗೆದ್ದಂತೆ. ಕೊಲ್ಲಲಿಲ್ಲವೆಂದು ಓದಿದವನಿಗೆ ಆ ವಾದ ಸೋತಂತೆ.

ಈ ಎರಡರ್ಥದ ಸೌಲಭ್ಯ ಸಿಕ್ಕಿದ್ದು ಬ್ಯಾಟ್‌ಮನ್ ಮತ್ತು ಜೋಕರ್ ಇಬ್ಬರಿಗೆ ಮಾತ್ರ. ಅದೇ ಕೃತಿಯಲ್ಲಿ ಬಾಗಿಲು ತೆರೆದ, ಪೊಲೀಸ್ ಕಮಿಷನರ್‌ನ ಮಗಳು ಬಾರ್ಬರಾ ಗಾರ್ಡನ್‌ಗೆ ಜೋಕರ್ ಹೊಡೆದ ಗುಂಡಿನಲ್ಲಿ ಯಾವ ಮಬ್ಬೂ ಇಲ್ಲ. 2011ರಲ್ಲಿ ಡಿಸಿ ತನ್ನ ಮಾಲಿಕೆಗಳನ್ನು ಹೊಸದಾಗಿ ಆರಂಭಿಸುವ ತನಕ ಅವಳು ಗಾಲಿಕುರ್ಚಿಯಲ್ಲೇ ಇದ್ದಳು.