ಹರವುವ ಹೊತ್ತು, ಮುಚ್ಚುವ ಹೊತ್ತು

ಜನವರಿ ಬಂತೆಂದರೆ ಬ್ಯಾಡಗಿ ಸೀಮೆಯ ಕಣಗಳು ಕೆಂಪಾಗುತ್ತವೆ. ಹೊಲದಿಂದ ಬಂದ ಹಣ್ಣುಗಾಯಿಯನ್ನು ತೆಳ್ಳಗೆ ಹರವುತ್ತಾರೆ, ಹೊತ್ತೇರಿದಂತೆ ಕೈಯಾಡಿಸಿ ಮಗುಚುತ್ತಾರೆ, ಸಂಜೆ ಇಬ್ಬನಿ ಬೀಳುವ ಮೊದಲೇ ರಾಶಿ ಮಾಡಿ ತಾಡಪತ್ರಿ ಹೊದಿಸುತ್ತಾರೆ. ಬಿಸಿಲು ಸಾಲದಿದ್ದರೆ ಕಾಯಿಗೆ ಬೂಸಲು ಹಿಡಿಯುತ್ತದೆ. ಅತಿಯಾದರೆ ಬಣ್ಣ ಬಿಳಿಚುತ್ತದೆ. 2011ರಲ್ಲಿ ಜಿಐ ಮಾನ್ಯತೆ ಪಡೆದ ಬ್ಯಾಡಗಿ ಮೆಣಸಿನಕಾಯಿಗೆ ಖಾರ ಕಡಿಮೆ. ಪೇಟೆಯಲ್ಲಿ ಅದರ ಬೆಲೆ ನಿಂತಿರುವುದೇ ಬಣ್ಣದ ಮೇಲೆ. ಕಾಯಿಯನ್ನು ಒಣಗಿಸಿ ಉಳಿಸುವ ಬೆಳಕೇ ಅದರ ಕೆಂಪನ್ನೂ ತಿನ್ನುತ್ತದೆ. ಅದಕ್ಕೇ ಒಣಗಿದ ಮಾಲು ಬಿಸಿಲು ಬಿಟ್ಟು ಶೀತಲಗೃಹದ ತಂಪು ಕತ್ತಲೆ ಸೇರುತ್ತದೆ.

ಕಾಯಿಯ ವಿಷಯದಲ್ಲಿ ಇಷ್ಟು ಜಾಣರಾದ ನಾವು ನಮ್ಮ ಮೈಯ ವಿಷಯದಲ್ಲಿ ಮಾತ್ರ ಈ ಲೆಕ್ಕವನ್ನೇ ಮರೆತಿದ್ದೇವೆ.

ಸೂರ್ಯನಿಂದ ಹೊರಟ ಬೆಳಕು ಎಂಟು ನಿಮಿಷ ಚಿಲ್ಲರೆಯಲ್ಲಿ ನಮ್ಮ ಅಂಗಳ ಮುಟ್ಟುತ್ತದೆ. ಕಾಣುವ ಬಣ್ಣಗಳ ಜೊತೆ ಕಾಣದ ಕಿರಣಗಳನ್ನೂ ತರುತ್ತದೆ. ಅವುಗಳಲ್ಲಿ ಅತಿನೇರಳೆಯ ‘ಬಿ’ ಎಂಬ ಪಾಲು ಚರ್ಮಕ್ಕೆ ತಾಗಿದಾಗ ಮೈಯಲ್ಲಿ ಡಿ ಜೀವಸತ್ವ ತಯಾರಾಗುತ್ತದೆ. ಮೂಳೆ ಗಟ್ಟಿಯಾಗಲು ಅದು ಬೇಕೇ ಬೇಕು. ಈ ಕಿರಣ ಕಿಟಕಿಯ ಗಾಜು ದಾಟಿ ಬರುವುದು ಇಲ್ಲವೆನ್ನುವಷ್ಟು ಕಡಿಮೆ. ಹಾಗಾಗಿ ಗಾಜಿನ ಹಿಂದೆ ಕುಳಿತು ಕಾಯಿಸಿಕೊಂಡ ಬಿಸಿಲು ಮೈಗೆ ಹಿತವೆನಿಸಿದರೂ ಮೂಳೆಗೆ ದಕ್ಕುವುದಿಲ್ಲ. ಇಷ್ಟು ಬಿಸಿಲಿನ ನಾಡಿನಲ್ಲೂ ಡಿ ಜೀವಸತ್ವದ ಕೊರತೆ ಮನೆಮನೆಯ ಮಾತಾಗಿರುವುದಕ್ಕೆ ಸೂರಿನಡಿಯ ಬದುಕೂ ಒಂದು ಕಾರಣ. ಇನ್ನೊಂದು ಕಡೆ, ಅದೇ ಕಿರಣ ಮಿತಿ ಮೀರಿದರೆ ಚರ್ಮ ಸುಡುತ್ತದೆ, ಕಣ್ಣಿಗೆ ಬೇಗ ಪೊರೆ ಬರಲು ಕಾರಣವಾಗುತ್ತದೆ.

ಕಣ್ಣಿನ ಕೆಲಸ ನೋಡುವುದಷ್ಟೇ ಎಂದು ಬಹುಕಾಲ ನಂಬಿದ್ದೆವು. ನೋಟಕ್ಕಿಂತ ಹೆಚ್ಚಾಗಿ ಹೊತ್ತನ್ನು ಅಳೆಯುವ ಕೋಶಗಳು ಅಕ್ಷಿಪಟಲದಲ್ಲಿವೆ ಎಂಬುದನ್ನು 2002ರಲ್ಲಿ ವಿಜ್ಞಾನಿಗಳು ತೋರಿಸಿದರು. ನೀಲಿ ಬೆಳಕು ಬಿದ್ದರೆ ಅವು ‘ಹಗಲಾಗಿದೆ’ ಎಂದು ಮಿದುಳಿಗೆ ಸುದ್ದಿ ಮುಟ್ಟಿಸುತ್ತವೆ. ಕತ್ತಲಾದಾಗ ಸ್ರವಿಸಿ ನಿದ್ದೆಗೆ ದಾರಿ ಮಾಡುವ ಮೆಲಟೋನಿನ್ ಆಗ ತಡೆದು ನಿಲ್ಲುತ್ತದೆ. ಜೀವಕೋಶದೊಳಗೇ ಒಂದು ಗಡಿಯಾರ ಹೇಗೆ ನಡೆಯುತ್ತದೆ ಎಂಬುದನ್ನು ಬಿಡಿಸಿ ತೋರಿಸಿದ ಮೂವರಿಗೆ 2017ರ ನೊಬೆಲ್ ಸಂದಿತು. ಆ ಗಡಿಯಾರಕ್ಕೆ ದಿನಾ ಕೀಲಿ ಕೊಡುವುದು ಬೆಳಕು.

ಹಾವೇರಿಯ ಸಿದ್ಧೇಶ್ವರ ಗುಡಿಗೆ ಸಂಜೆ ಹೋದವರಿಗೆ ಇದು ಪಾಠವಿಲ್ಲದೆಯೇ ತಿಳಿಯುತ್ತದೆ. ಚಾಲುಕ್ಯರ ಕಾಲದ ಗುಡಿಗಳು ಸಾಮಾನ್ಯವಾಗಿ ಪೂರ್ವಕ್ಕೆ ಮುಖ ಮಾಡಿದರೆ ಇದು ಪಶ್ಚಿಮಕ್ಕೆ ಮಾಡಿದೆ. ಇಳಿಬಿಸಿಲು ಮುಂಭಾಗದ ಕಲ್ಲಿನ ಮೇಲೆ ಬಿದ್ದಾಗ ಕೆತ್ತನೆಯ ಒಂದೊಂದು ಗೆರೆಯೂ ಎದ್ದು ಕಾಣುತ್ತದೆ. ಬಾನಂಚಿಗೆ ಇಳಿದ ಸೂರ್ಯನ ಬೆಳಕು ಗಾಳಿಯ ದಪ್ಪ ಪದರ ಹಾಯ್ದು ಬರಬೇಕು. ದಾರಿಯಲ್ಲಿ ನೀಲಿ ಚದುರಿ ಹೋಗಿ ಕೆಂಪು ಉಳಿಯುತ್ತದೆ. ಸಾವಿರಾರು ವರ್ಷಗಳಿಂದ ಮನುಷ್ಯನ ಮೈ ಈ ಕೆಂಪನ್ನು ಕಂಡೇ ದಣಿವಾರಿಸಿಕೊಳ್ಳಲು ಅಣಿಯಾಗುತ್ತಿತ್ತು. ಈಗ ಗುಡಿಯಿಂದ ಮನೆಗೆ ಬರುವಷ್ಟರಲ್ಲಿ ಬಿಳಿಯ ಎಲ್‌ಇಡಿ ಉರಿಯುತ್ತಿರುತ್ತದೆ; ಹಾಸಿಗೆಯಲ್ಲಿ ಮೊಬೈಲು ಇನ್ನೊಮ್ಮೆ ಬೆಳಗು ಮಾಡುತ್ತದೆ. ಹಗಲಿಡೀ ಮಬ್ಬು ಕೋಣೆ, ರಾತ್ರಿಯಿಡೀ ಝಗಝಗ. ನಿದ್ದೆ ಬರಲಿಲ್ಲವೆಂದು ಮಾತ್ರೆ ಹುಡುಕುತ್ತೇವೆ.

ಅಳತೆಯರಿತ ಬೆಳಕು ಮದ್ದೂ ಆಗುತ್ತದೆ. ಕಾಮಾಲೆಯಾದ ಹಸುಗೂಸನ್ನು ಆಸ್ಪತ್ರೆಯಲ್ಲಿ ನೀಲಿ ದೀಪದಡಿ ಮಲಗಿಸುತ್ತಾರೆ. ರಕ್ತದಲ್ಲಿ ಸೇರಿದ ಹಳದಿ ಅಂಶವನ್ನು ಆ ಬೆಳಕು ಮೈ ಹೊರಹಾಕಬಲ್ಲ ರೂಪಕ್ಕೆ ತಿರುಗಿಸುತ್ತದೆ. 1950ರ ದಶಕದಲ್ಲಿ ಇಂಗ್ಲೆಂಡಿನ ರಾಚ್‌ಫರ್ಡ್ ಆಸ್ಪತ್ರೆಯಲ್ಲಿ, ಬಿಸಿಲಿಗೆ ಒಡ್ಡಿದ ಕೂಸಿನ ಮೈಯ ಹಳದಿ ಇಳಿದದ್ದನ್ನು ದಾದಿಯೊಬ್ಬರು ಗಮನಿಸಿದ್ದರಿಂದ ಶುರುವಾದ ಚಿಕಿತ್ಸೆ ಇದು. ಮೈಯೆಲ್ಲ ಬೆಳಕಿಗೆ ಒಡ್ಡಿದ ಆ ಕೂಸಿನ ಕಣ್ಣಿಗೆ ಮಾತ್ರ ಪಟ್ಟಿ ಕಟ್ಟಿರುತ್ತಾರೆ. ಕೊಡುವುದೂ ತಡೆಯುವುದೂ ಒಂದೇ ಉಪಚಾರದ ಎರಡು ಕೈ.

ಈ ಅಳತೆ ರಾಣೆಬೆನ್ನೂರು ಅಭಯಾರಣ್ಯದ ಕೃಷ್ಣಮೃಗಗಳಿಗೂ ಗೊತ್ತು. ಬೇಸಿಗೆಯಲ್ಲಿ ಅವು ಬೆಳಿಗ್ಗೆ, ಸಂಜೆ ಮೇಯುತ್ತವೆ; ನಡುಹಗಲು ನೆರಳು ಹಿಡಿಯುತ್ತವೆ. ಅವುಗಳಿಗೆ ನೆರಳು ಹಿಡಿಯಲು ಯಾರ ಅಪ್ಪಣೆಯೂ ಬೇಕಿಲ್ಲ. ಕಣದಲ್ಲಿ ಕಾಯಿ ಆರಿಸುವ ಹೆಣ್ಣುಮಗಳಿಗೆ ಬೇಕು. ಬೆಳಕು ಎಲ್ಲರಿಗೂ ಸಮ ಎನ್ನುವ ಮಾತು ಇಲ್ಲಿ ಸುಳ್ಳಾಗುತ್ತದೆ. ಕಚೇರಿಯ ಗುಮಾಸ್ತನಿಗೆ ಬಿಸಿಲಿನ ಕೊರತೆ, ಕೂಲಿಯವಳಿಗೆ ನೆರಳಿನ ಕೊರತೆ, ಹೆದ್ದಾರಿಯಲ್ಲಿ ರಾತ್ರಿಯಿಡೀ ಲಾರಿ ಓಡಿಸುವವನಿಗೆ ಕತ್ತಲಿನ ಕೊರತೆ. ಹಗಲು-ರಾತ್ರಿಯ ಲಯ ತಪ್ಪಿಸುವ ರಾತ್ರಿಪಾಳಿಯನ್ನು ‘ಕ್ಯಾನ್ಸರ್‌ಗೆ ಕಾರಣವಾಗುವ ಸಂಭವವಿರುವ’ ಕೆಲಸಗಳ ಪಟ್ಟಿಗೆ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2007ರಲ್ಲೇ ಸೇರಿಸಿದೆ. ಅಂಥವರ ದುಡಿಮೆಯ ಮೇಲೆ ನಮ್ಮ ಊಟ, ಸಂತೆ, ವ್ಯಾಪಾರ ನಡೆಯುತ್ತಿರುವಾಗ ನೆರಳು, ನಿದ್ದೆಗಳನ್ನು ಅವರ ಹಣೆಬರಹಕ್ಕೆ ಬಿಟ್ಟು ಕೈತೊಳೆದುಕೊಳ್ಳುವುದು ಧರ್ಮವಲ್ಲ.

ಆದ್ದರಿಂದ ಬೆಳಿಗ್ಗೆ ಮಕ್ಕಳನ್ನು ಅಂಗಳಕ್ಕೆ ಬಿಡಿ. ಹೊರಗಿನ ಬೆಳಕಿನಲ್ಲಿ ಆಡಿ ಬೆಳೆದ ಮಕ್ಕಳಿಗೆ ಸಮೀಪದೃಷ್ಟಿ ಬರುವುದು ಕಡಿಮೆ. ಮಲಗುವ ಕೋಣೆಯಿಂದ ಮೊಬೈಲನ್ನು ಹೊರಗಿಡಿ. ಹೊಲ, ಕಣ, ಕಟ್ಟಡದಲ್ಲಿ ಕೆಲಸ ಮಾಡಿಸುವವರು ಬೇಸಿಗೆಯ ನಡುಹೊತ್ತಿಗೆ ಬಿಡುವು, ಒಂದು ಚಪ್ಪರ, ಒಂದು ಕೊಡ ನೀರು ಕೊಡಿ. ಇದಕ್ಕೆ ದೊಡ್ಡ ಖರ್ಚೇನೂ ಇಲ್ಲ. ಕೊಡಬೇಕೆಂಬ ಮನಸ್ಸು ಬೇಕು, ಅಷ್ಟೇ.