ಇನ್ನೊಬ್ಬರ ಕಾಲವೂ ಅಮಾನತ್ತೇ

ಕಮ್ಮಾರ ಕಬ್ಬಿಣವನ್ನು ಬಡಿದು ರೂಪಿಸುತ್ತಾನೆ, ಕುಂಬಾರ ಮಣ್ಣನ್ನು ತಿದ್ದುತ್ತಾನೆ. ಕಾಲವನ್ನೇ ಅಳೆದು, ಪಾಲು ಮಾಡಿ, ಕಾಯುವ ಕಸುಬುದಾರರೂ ಇದ್ದಾರೆಂದರೆ ಇದು ಯಾವುದೋ ಅಜ್ಜಿಕಥೆಯೆಂದು ನೀವು ನಕ್ಕುಬಿಡಬಹುದು. ಆದರೆ ನಮ್ಮ ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ, ನಾಗಮಂಗಲ ಸೀಮೆಯಲ್ಲಿ ಅಂಥವರನ್ನು ನೋಡಲು ದೂರ ಹೋಗಬೇಕಾಗಿಲ್ಲ. ಒಬ್ಬ ಮಸೀದಿಯ ಮುಅಝ್ಝಿನ್. ಇನ್ನೊಬ್ಬ ಕೆರೆಯ ನೀರುಗಂಟಿ.

ಮುಅಝ್ಝಿನನ ಕೆಲಸವೆಂದರೆ ಕೇವಲ ಕಂಠದ ಕೆಲಸವೆಂದು ನಾವು ತಿಳಿದಿದ್ದೇವೆ. ಗಡಿಯಾರವಿಲ್ಲದ ಕಾಲದಲ್ಲಿ ಆತ ಸೂರ್ಯನನ್ನೂ ನೆರಳನ್ನೂ ಓದಬಲ್ಲವನಾಗಿರಬೇಕಿತ್ತು. ಅಸ್ರ್ ನಮಾಝಿಗೆ ಕರಾವಳಿಯ ಶಾಫಿಈ ಸಹೋದರರು ನೆರಳು ವಸ್ತುವಿನ ಒಂದು ಪಟ್ಟು ಆಗುವುದನ್ನು ನೋಡಿದರೆ, ನಮ್ಮ ಕಡೆಯ ಹನಫಿಗಳು ಎರಡು ಪಟ್ಟು ಆಗುವವರೆಗೆ ಕಾಯುತ್ತಾರೆ. ನಡುಹಗಲಿನ ನೆರಳನ್ನು ಇಬ್ಬರೂ ಕಳೆಯುತ್ತಾರೆ. ಈ ಲೆಕ್ಕಕ್ಕೆಂದೇ ಈಜಿಪ್ಟ್ ಮತ್ತು ಸಿರಿಯಾದ ದೊಡ್ಡ ಮಸೀದಿಗಳಲ್ಲಿ ‘ಮುವಕ್ಕಿತ್’ ಎಂಬ ಹುದ್ದೆಯಿತ್ತು. 14ನೇ ಶತಮಾನದ ಮಹಾ ಖಗೋಳಜ್ಞ ಇಬ್ನುಶ್ಶಾತಿರ್ ದಮಾಸ್ಕಸ್‌ನ ಉಮಯ್ಯಾ ಮಸೀದಿಯಲ್ಲಿ ಇದೇ ಹುದ್ದೆಯಲ್ಲಿದ್ದವರು.

ಪ್ರವಾದಿ(ಸ)ಯವರು ಮುಅಝ್ಝಿನನನ್ನು ಜನರು ನಂಬಿ ಒಪ್ಪಿಸಿದವನ ಸ್ಥಾನದಲ್ಲಿ ಇರಿಸಿದ್ದಾರೆ. ಜನರು ಆತನಿಗೆ ಒಪ್ಪಿಸಿದ್ದಾದರೂ ಏನು? ಹಣವೇ? ಅಲ್ಲ. ತಮ್ಮ ಉಪವಾಸವನ್ನು, ನಮಾಝನ್ನು. ರಮಝಾನಿನಲ್ಲಿ ಮಗ್ರಿಬ್ ಅಝಾನ್ ನಾಲ್ಕು ನಿಮಿಷ ಮೊದಲೇ ಮೊಳಗಿತೆನ್ನಿ. ಅದನ್ನು ನಂಬಿ ಸೂರ್ಯ ಮುಳುಗುವ ಮೊದಲೇ ಖರ್ಜೂರ ಬಾಯಿಗಿಟ್ಟ ಇಡೀ ಮೊಹಲ್ಲಾದವರು ಆ ದಿನದ ಉಪವಾಸವನ್ನು ಮತ್ತೆ ಹಿಡಿಯಬೇಕು. ಒಬ್ಬನ ನಾಲ್ಕು ನಿಮಿಷ, ನೂರಾರು ಜನರ ಒಂದೊಂದು ದಿನ!

ಇನ್ನು ನೀರುಗಂಟಿ. ನಾಗಮಂಗಲ, ಕೃಷ್ಣರಾಜಪೇಟೆಯ ಕಡೆ ಕೆರೆಯ ಕೆಳಗೆ ಗದ್ದೆಯಿದ್ದವರ ಮನೆಗಳಲ್ಲಿ ಹಿರಿಯರನ್ನು ಕೇಳಿ ನೋಡಿ. ತೂಬು ತೆಗೆಯುವುದು, ಮುಚ್ಚುವುದು, ಸರದಿಯಂತೆ ಗದ್ದೆಗದ್ದೆಗೆ ನೀರು ಹಾಯಿಸುವುದು ನೀರುಗಂಟಿಯ ಪಾಲಿನ ಕೆಲಸ. ಸುಗ್ಗಿಯಲ್ಲಿ ಕಣದಿಂದ ಆತನಿಗೆ ಧಾನ್ಯ ಸಲ್ಲುತ್ತಿತ್ತು. ಆತ ಹಂಚುತ್ತಿದ್ದುದು ನೀರನ್ನೆಂದು ಕಾಣುತ್ತದೆ. ನಿಜಕ್ಕೂ ಹಂಚುತ್ತಿದ್ದುದು ಹೊತ್ತನ್ನು. ಇವನಿಗೆ ಇಷ್ಟು ಹೊತ್ತು, ಅವನಿಗೆ ಇಷ್ಟು ಹೊತ್ತು. ಗೌಡರ ಮುಖ ನೋಡಿ ಒಂದು ಗದ್ದೆಗೆ ಅರ್ಧ ತಾಸು ಹೆಚ್ಚು ಬಿಟ್ಟರೆ, ಅದು ಕೆರೆಯಿಂದ ಬಂದ ಅರ್ಧ ತಾಸಲ್ಲ, ಕಟ್ಟಕಡೆಯ ಗದ್ದೆಯ ಬಡವನದು. ವಿಶ್ವೇಶ್ವರಯ್ಯ ನಾಲೆ ಹರಿಯುವ ಪಾಂಡವಪುರದ ಕಡೆಯವರಿಗೂ ನಾಲೆಯ ಕೊನೆಯಲ್ಲಿ ಜಮೀನಿರುವುದೆಂದರೆ ಏನೆಂದು ಹೇಳಿಕೊಡಬೇಕಾಗಿಲ್ಲ. ಕದ್ದ ಹಣ ಕಣ್ಣಿಗೆ ಕಾಣದಿರಬಹುದು. ಕದ್ದ ಹೊತ್ತು ಅಲ್ಲಿ ಒಣಗಿದ ಪೈರಾಗಿ ಎದ್ದು ಕಾಣುತ್ತದೆ.

ಅರಸರೂ ಕಾಲವನ್ನು ತಿದ್ದಲು ಕೈಹಾಕಿದ್ದುಂಟು. ಟಿಪ್ಪು ಸುಲ್ತಾನರು ಇದೇ ಶ್ರೀರಂಗಪಟ್ಟಣದಿಂದ 1787ರ ಸುಮಾರಿಗೆ ‘ಮೌಲೂದಿ’ ಎಂಬ ಹೊಸ ಶಕೆಯನ್ನು ಜಾರಿಗೆ ತಂದರು. ತಿಂಗಳುಗಳಿಗೆ ಅಹ್ಮದಿ ಮೊದಲಾದ ಹೊಸ ಹೆಸರುಗಳು. ನಾಣ್ಯಗಳ ಮೇಲೆ ಇಸವಿಯ ಅಂಕಿಗಳು ಬಲದಿಂದ ಎಡಕ್ಕೆ. ಹಿಜರಿ ವರ್ಷ ಸೌರವರ್ಷಕ್ಕಿಂತ ಸುಮಾರು 11 ದಿನ ಚಿಕ್ಕದಾದುದರಿಂದ ಕಂದಾಯದ ತಿಂಗಳು ಸುಗ್ಗಿಯಿಂದ ದೂರ ಸರಿಯುತ್ತ ಹೋಗುತ್ತದೆ; ಸುಲ್ತಾನರ ಪಂಚಾಂಗ ಅಧಿಕ ಮಾಸವನ್ನು ಸೇರಿಸಿಕೊಂಡು ಬೆಳೆಯ ಜೊತೆಗೇ ನಡೆಯಿತು. ರಾಜ್ಯದ ಲೆಕ್ಕಪತ್ರದ ಮಟ್ಟಿಗೆ ಅದು ಸರಿಯೇ. ಆದರೆ ಹಜ್ಜಿನ ತಿಂಗಳನ್ನಾಗಲಿ ರಮಝಾನಿನ ಚಂದ್ರನನ್ನಾಗಲಿ ಯಾವ ಅರಸನ ಫರ್ಮಾನೂ ಹಿಂದೆ ಮುಂದೆ ಮಾಡಲಾರದು. ಪವಿತ್ರ ಮಾಸಗಳನ್ನು ತಮ್ಮ ಅನುಕೂಲಕ್ಕೆ ಮುಂದೂಡುತ್ತಿದ್ದ ಅಜ್ಞಾನ ಕಾಲದ ಅರಬರ ಪದ್ಧತಿಯನ್ನು ಅತ್ತೌಬಾ ಅಧ್ಯಾಯ ಖಂಡಿಸಿರುವುದನ್ನು ನೀವು ಓದಿರುತ್ತೀರಿ.

ಅರಸನಿಗೂ ಇಲ್ಲದ ಈ ಅಧಿಕಾರವನ್ನು ನಾವು ಮಾತ್ರ ದಿನನಿತ್ಯ ಚಲಾಯಿಸುತ್ತೇವಲ್ಲ! ನಿಕಾಹ್ 11 ಗಂಟೆಗೆಂದು ಕಾಗದದಲ್ಲಿ ಅಚ್ಚಾಗಿರುತ್ತದೆ, ವರನ ದಿಬ್ಬಣ ಬರುವುದು ಒಂದೂವರೆಗೆ. (1961ರಲ್ಲಿ ಬೆಂಗಳೂರಿನಲ್ಲಿ ಎಚ್.ಎಂ.ಟಿ. ಗಡಿಯಾರ ಕಾರ್ಖಾನೆಯಾದ ಮೇಲೆ ಮದುಮಗನಿಗೆ ಕೈಗಡಿಯಾರ ಕೊಡುವುದು ಎಷ್ಟೋ ಮನೆಗಳಲ್ಲಿ ವಾಡಿಕೆಯಾಯಿತು. ಗಡಿಯಾರ ಬಂತು, ಮದುಮಗ ಬರಲಿಲ್ಲ.) ದಿನಗೂಲಿಯವನಿಗೆ “ಸಂಜೆ ಬಾ” ಎನ್ನುತ್ತೇವೆ; ಸಂಜೆ ಬಂದರೆ “ನಾಳೆ ಬಾ”. ಊಟಕ್ಕೆ ಬರುತ್ತೇನೆಂದು ಹೇಳಿ ಹೊತ್ತು ಮೀರಿಸುವ ಗಂಡಸರಿಗೆ, ಒಲೆಯ ಮುಂದೆ ಹಸಿದು ಕುಳಿತ ಹೆಣ್ಣುಮಗಳ ಹೊತ್ತು ಹೊತ್ತೇ ಅಲ್ಲ. ಕೇಳಿದರೆ, “ಇನ್‌ಶಾ ಅಲ್ಲಾಹ್ ಎಂದಿದ್ದೆನಲ್ಲ?” ಎಂಬ ಉತ್ತರ ಬೇರೆ. ನಾಳಿನ ಮಾತಾಡುವಾಗ ಹಾಗೆನ್ನಬೇಕೆಂದು ಅಲ್‌ಕಹ್ಫ್ ಅಧ್ಯಾಯ ಕಲಿಸಿದ್ದು ಮಾತು ತಪ್ಪಲು ಬಾಗಿಲು ತೆರೆದಿಡುವುದಕ್ಕಲ್ಲ, ಮಾತು ಉಳಿಸಿಕೊಳ್ಳಲು ಅಲ್ಲಾಹನ ನೆರವನ್ನು ಕೇಳುವುದಕ್ಕೆ.

“ಕಾಯಿಸಿದ್ದರಲ್ಲಿ ಏನು ನಷ್ಟ? ಅವನಿಗೆ ಬೇರೆ ಕೆಲಸವೇನೂ ಇರಲಿಲ್ಲ” ಎನ್ನುವವರಿದ್ದಾರೆ. ಅವರು ಹನಫೀ ಫಿಕ್‌ಹ್‌ನ ಒಂದು ನಿಯಮವನ್ನು ಗಮನಿಸಬೇಕು. ದರ್ಜಿಯಂತೆ ಕೆಲಸಕ್ಕೆ ತಕ್ಕ ಕೂಲಿ ಪಡೆಯುವವನು ಒಂದು ಬಗೆ. ನಿಗದಿತ ಅವಧಿಗೆ ಒಬ್ಬರಲ್ಲೇ ದುಡಿಯಲು ಒಪ್ಪಿಕೊಂಡವನು, ಅಂದರೆ ‘ಅಜೀರೆ ಖಾಸ್’, ಇನ್ನೊಂದು ಬಗೆ. ಈತ ಆ ಅವಧಿಯಲ್ಲಿ ತನ್ನನ್ನು ಒಪ್ಪಿಸಿ ಕುಳಿತರೆ ಸಾಕು. ಧಣಿ ಕೆಲಸ ಕೊಡದಿದ್ದರೂ ಕೂಲಿ ಸಲ್ಲಲೇಬೇಕು. ಯಾಕೆ? ಆತನ ಹೊತ್ತಿಗೇ ಬೆಲೆಯಿದೆ, ಬೆವರು ಹರಿದಿರಲಿ ಬಿಡಲಿ. ಕಾದವನ ಹೊತ್ತು ಬರಿದಲ್ಲವೆಂದು ನಾನು ಹೇಳುವುದು ಇದರಿಂದಲೇ. ಬಸ್ಸು ಕೆಟ್ಟಿತು, ಮಗುವಿಗೆ ಜ್ವರ ಬಂತು ಎಂಬುದು ಬೇರೆ ಮಾತು. ಉದಾಸೀನದಿಂದ ಕಾಯಿಸುವುದು ನನ್ನ ತಿಳುವಳಿಕೆಯಲ್ಲಿ ಇನ್ನೊಬ್ಬರ ಹಕ್ಕಿಗೆ ಕೈಹಾಕುವುದೇ.

ಹಾಗಿದ್ದರೆ ತೀರಿಸುವುದು ಹೇಗೆ? ಕಷ್ಟವಿರುವುದು ಇಲ್ಲಿಯೇ. ಮನುಷ್ಯರ ಹಕ್ಕುಗಳ ವಿಷಯದಲ್ಲಿ ಪಶ್ಚಾತ್ತಾಪವೊಂದೇ ಸಾಲದು, ತೆಗೆದುಕೊಂಡದ್ದನ್ನು ಹಿಂದಿರುಗಿಸಬೇಕು. ಸಾವಿರ ರೂಪಾಯಿಯನ್ನು ಹತ್ತು ವರ್ಷದ ನಂತರವಾದರೂ ಹಿಂದಿರುಗಿಸಬಹುದು. ನಿನ್ನೆಯ ಅಸ್ರ್‌ನಿಂದ ಮಗ್ರಿಬ್‌ವರೆಗಿನ ಹೊತ್ತನ್ನು ಎಲ್ಲಿಂದ ತರುತ್ತೀರಿ? ಕೂಲಿಯವನಾದರೆ ಕಾದ ಹೊತ್ತಿನ ಕೂಲಿಯನ್ನೂ ಸೇರಿಸಿ, ಅವನನ್ನು ಕರೆಸಿಕೊಳ್ಳದೆ ನೀವೇ ಅವನ ಮನೆಗೆ ಹೋಗಿ ಕೊಡಬಹುದು. ಹೆಂಡತಿಯ, ತಾಯಿಯ, ಅತಿಥಿಗಳ ಹೊತ್ತಿಗೆ ಇಂಥ ದರವಿಲ್ಲ. ಅಲ್ಲಿ ಉಳಿದಿರುವುದು ಬಾಯಿಬಿಟ್ಟು ಕ್ಷಮೆ ಕೇಳುವುದು, ಅದೂ ಅವರು ಬದುಕಿರುವಾಗಲೇ. ಇನ್ನು ಮಸೀದಿ ಕಮಿಟಿಯವರಲ್ಲಿ ಒಂದು ಮಾತು. ದಿನಕ್ಕೆ ಐದು ಬಾರಿ ನಮಗಾಗಿ ಹೊತ್ತು ಕಾಯುವ ಮುಅಝ್ಝಿನನ ಸಂಬಳ ಎಷ್ಟೋ ಕಡೆ ತಿಂಗಳ ಹತ್ತಕ್ಕೋ ಹದಿನೈದಕ್ಕೋ ಆತನ ಕೈಸೇರುತ್ತದೆ. ಮುಂದಿನ ತಿಂಗಳು ಒಂದನೇ ತಾರೀಖು ಯಾವ ವಾರ ಬರುತ್ತದೆಂದು ಈಗಲೇ ನೋಡಿಟ್ಟುಕೊಳ್ಳಿ.